ರಷ್ಯಾದಮ್ಮ ತಲೆಯೆತ್ತಿ ನೋಡಿದ್ದು

ದೆವ್ವ, ಶಕುನ, ಕನಸಿನ ಫಲ ಇವನ್ನೆಲ್ಲ ನಕ್ಕು ತಳ್ಳಿಹಾಕುತ್ತಿದ್ದವನು ನಾನು. ವಿಜ್ಞಾನದ ಮೇಷ್ಟ್ರು ಬೇರೆ. ಈಗ ಬರೆಯುತ್ತಿರುವುದನ್ನು ನೀವು ನಂಬದಿದ್ದರೆ ನನಗೇನೂ ಬೇಸರವಿಲ್ಲ.

ಎರಡನೇ ಮಹಾಯುದ್ಧದ ಕೊನೆಯ ವರ್ಷಗಳು. ನಾನಾಗ ಮದ್ದೂರಿನಲ್ಲಿದ್ದೆ. ಊರಾಚೆಯ ಬಯಲಿನಲ್ಲಿ ಟೆಂಟ್ ಸಿನಿಮಾ ಬಂದಿತ್ತು. ಮರಳಿನ ಮೇಲೆ ಕಾಲು ಚಾಚಿ ಕಡಲೆಕಾಯಿ ತಿನ್ನುತ್ತ ಚಿತ್ರ ನೋಡುವ ಆ ಸುಖ ಆಮೇಲೆ ಯಾವ ಕುರ್ಚಿಯಲ್ಲೂ ಸಿಗಲಿಲ್ಲ. ರಷ್ಯಾದ ಚಿತ್ರಗಳು ಬಂದಾಗ ಕೆಳಗೆ ಮೂಡುವ ಇಂಗ್ಲಿಷ್ ಸಾಲುಗಳನ್ನು ಓದಿ ಜನರಿಗೆ ಕನ್ನಡದಲ್ಲಿ ಕೂಗಿ ಹೇಳುವ ಕೆಲಸ ನನ್ನದು. ಹಿಂದಿನ ತಗಡಿನ ಶೆಡ್ಡಿನಲ್ಲಿ ಕೂತು ಚಿತ್ರದ ಮಿಷನ್ ಓಡಿಸುತ್ತಿದ್ದವನು ಸಾಬ್‌ಜಾನ್. ನನ್ನ ವಯಸ್ಸಿನವನೇ, ಹೆಂಡತಿ ತೀರಿಕೊಂಡು ಒಬ್ಬನೇ ಇದ್ದ.

ಆ ಚಿತ್ರಗಳ ಒಬ್ಬ ನಟಿಯೆಂದರೆ ಅವನಿಗೆ ಪ್ರಾಣ. ಹೆಸರು ನಾಲಗೆಗೆ ಹೊರಳದೆ 'ರಷ್ಯಾದಮ್ಮ' ಅನ್ನುತ್ತಿದ್ದ. ಹಳೆಯ ಪತ್ರಿಕೆಯೊಂದರಲ್ಲಿ ಆಕೆಯ ವಿಷಯ ಸಿಕ್ಕಾಗ ಓದಿ ಹೇಳಿದೆ. ನೂಲಿನ ಗಿರಣಿಯಲ್ಲಿ ಕೂಲಿಯಾಗಿದ್ದವಳು ಕಾರ್ಮಿಕರ ನಾಟಕದಿಂದ ಮೂಕಿ ಚಿತ್ರಕ್ಕೆ ಬಂದಳು. ಮಾತಿನ ಚಿತ್ರ ಶುರುವಾದಾಗ, ಹಳ್ಳಿ ಮಾತಿನವಳೆಂದು ಹೊರಗಿಟ್ಟರು. ನಾಲ್ಕು ವರ್ಷ ಕಲಿತು ಮತ್ತೆ ಬಂದಳು. ಈಗ ರಣರಂಗಕ್ಕೇ ಹೋಗಿ ಸಿಪಾಯಿಗಳ ಮುಂದೆ ಹಾಡುತ್ತಾಳಂತೆ.

"ಭಾರಿ ಗಟ್ಟಿಗಿತ್ತಿ ಬುಡಿ ಮೇಷ್ಟ್ರೇ," ಅಂದ. ಮುಖದಲ್ಲಿ ಸ್ವಂತ ಅಕ್ಕನ ಸುದ್ದಿ ಕೇಳಿದಷ್ಟು ಹೆಮ್ಮೆ.

ಆ ವಾರದ ಚಿತ್ರದಲ್ಲಿ ಅವಳದು ತಾಯಿಯ ಪಾತ್ರ. ಯುದ್ಧಕ್ಕೆ ಹೊರಟ ಮಗನ ಕೋಟಿಗೆ ಗುಂಡಿ ಹೊಲಿಯುತ್ತ, ತಗ್ಗಿಸಿದ ತಲೆ ಎತ್ತದೆ ಅಳುತ್ತಾಳೆ. ನಾಲ್ಕು ಸಂಜೆ ಹಾಗೇ ನೋಡಿದ್ದೆ. ಐದನೆಯ ಸಂಜೆ ಅವಳ ಕೈ ನಿಂತಿತು. ತಲೆಯೆತ್ತಿದಳು. ನಮ್ಮೆಲ್ಲರ ಮೇಲಿಂದ ನೇರವಾಗಿ ಮಿಷನ್ ಶೆಡ್ಡಿನ ಕಡೆ ನೋಡಿ, ಬಾ ಎಂದು ಕೈಬೀಸಿದಳು. ಓದುತ್ತಿದ್ದ ಸಾಲನ್ನು ಅರ್ಧಕ್ಕೇ ಬಿಟ್ಟು ಎದ್ದು ನಿಂತೆ.

ಸಾಬ್‌ಜಾನ್ ಓಡಿಬಂದು ನನ್ನ ತೋಳು ಹಿಡಿದ. "ಮೇಷ್ಟ್ರೇ, ಆವಮ್ಮ ಕರೆದ್ಲು!"

ಅಷ್ಟರಲ್ಲಿ ಶೆಡ್ಡು ಧಗ್ಗನೆ ಹೊತ್ತಿಕೊಂಡಿತು. ಮಿಷನ್ನಿನಲ್ಲೇ ರೀಲಿಗೆ ಬೆಂಕಿ ಬಿದ್ದಿತ್ತು. ಜನರೆಲ್ಲ ಸುರಕ್ಷಿತವಾಗಿ ಹೊರಬಂದರು. ಅವನು ಕೂರುತ್ತಿದ್ದ ಜಾಗದ ಮೇಲೆ ಕಾದ ತಗಡು ಕುಸಿದುಬಿದ್ದಿತು.

ಮಾರನೆಯ ದಿನ ಕಂಡಕಂಡವರನ್ನೆಲ್ಲ ಕೇಳಿದೆ. ಯಾರೂ ಏನೂ ನೋಡಿರಲಿಲ್ಲ. "ಆವಮ್ಮ ಕೋಟು ಒಲೀತಾ ಕುಂತಿದ್ಲು ಕಣಪ್ಪ, ಅಷ್ಟೇಯ," ಅಂದಳು ಮುಂದಿನ ಸಾಲಿನಲ್ಲಿದ್ದ ಹೂವಿನ ಅಜ್ಜಿ.

ಮರುವರ್ಷ ಅದೇ ಚಿತ್ರದ ಇನ್ನೊಂದು ಪ್ರತಿ ಮಂಡ್ಯಕ್ಕೆ ಬಂತು. ಇಬ್ಬರೂ ರೈಲು ಹತ್ತಿ ಹೋದೆವು. ಅವಳು ಗುಂಡಿ ಹೊಲಿದಳು, ಅತ್ತಳು, ತಲೆಯೆತ್ತಲಿಲ್ಲ. ದೀಪ ಹತ್ತಿದಾಗ ಸಾಬ್‌ಜಾನನ ಕೆನ್ನೆ ಒದ್ದೆಯಾಗಿತ್ತು.

"ಅವತ್ತು ನೀವೂ ನೋಡಿದ್ರಲ್ವಾ ಮೇಷ್ಟ್ರೇ?"

"ನೋಡಿದೆ," ಅಂದೆ.

ಯುದ್ಧ ಮುಗಿದ ಮೇಲೆ ಆಕೆಯ ಚಿತ್ರ ನಮ್ಮ ಕಡೆಗೆ ಬರಲಿಲ್ಲ. ಏನಾದಳೋ ತಿಳಿಯದು. ನಾನು ನೋಡಿದ್ದಂತೂ ನಿಜ. ಅದಕ್ಕಿಂತ ಹೆಚ್ಚಿಗೆ ಹೇಳಲು ಇವತ್ತಿಗೂ ನನ್ನಲ್ಲಿ ಏನೂ ಇಲ್ಲ.