ಅಪ್ಪನನ್ನು ಸಾಯಿಸುವುದೋ, ಓಡಿಸುವುದೋ

ನನ್ನ ಸಿನಿಮಾಗಳಲ್ಲಿ ಕಥೆ, ಕ್ಯಾಮೆರಾ, ಎಡಿಟಿಂಗ್, ನಿರ್ದೇಶನ ಎಲ್ಲ ನನ್ನದೇ. ಚಹಾ ಮಾಡುವವನೂ ನಾನೇ. ಪಣಜಿಯ ಸಿನಿಮಾ ಮಂದಿ ಇದನ್ನು ಸ್ವತಂತ್ರ ಚಿತ್ರನಿರ್ಮಾಣ ಎನ್ನುತ್ತಾರೆ. ಯಾರೂ ಕೆಲಸಕ್ಕೆ ಕರೆಯದಿದ್ದರೆ ಹೀಗಾಗುತ್ತದೆ ಎನ್ನುವುದು ಅವ್ವನ ಅಭಿಪ್ರಾಯ. ಮದುವೆ ವಿಡಿಯೊ ತೆಗೆದು ಹೊಟ್ಟೆ ಹೊರೆಯುತ್ತ, ಉಳಿದ ದಿನಗಳಲ್ಲಿ ಯಾರೂ ನೋಡದ ಕಿರುಚಿತ್ರಗಳನ್ನು ಮಾಡಿಕೊಂಡಿದ್ದೆ.

ಮೊದಲ ಪೂರ್ತಿ ಸಿನಿಮಾಕ್ಕೆ ಅವ್ವನೇ ನಾಯಕಿ. ಬೇರೆ ಯಾರೂ ಪುಕ್ಕಟೆ ಸಿಗಲಿಲ್ಲ. ವಿಜಯಪುರದ ಕಡೆಯಿಂದ ಬಂದ ವಿಧವೆಯೊಬ್ಬಳು ಗೋವಾದ ಬೀಚಿನಲ್ಲಿ ಮಣಿಸರ ಮಾರಿ ಮಗನನ್ನು ಬೆಳೆಸುವ ಕಥೆ. ಬೀಚು, ಮಣಿಸರ, ಮಗ ಎಲ್ಲ ಅವ್ವನ ಬಳಿ ಇದ್ದವು. ಗಂಡ ಸತ್ತಿರಲಿಲ್ಲ, ಅಷ್ಟೇ ತೊಂದರೆ.

ಕುಂಕುಮ ಅಳಿಸಿಕೊಂಡು ಬಾ ಎಂದಾಗ ಅವ್ವ ಕೆಕ್ಕರಿಸಿ ನೋಡಿದಳು.

"ನಿಮ್ಮಪ್ಪ ಅಲ್ಲೇ ಕುಂತು ಚಾ ಕುಡ್ಯಾಕತ್ತಾನ. ಅಂವ ಇರೂತನಾ ನಾ ಬರೇ ಹಣಿಲೆ ಕೂಡಂಗಿಲ್ಲ. ಬೇಕಾದ್ರ ನಿನ್ನ ಸಿನಿಮಾ ಸಾಯ್ಲಿ."

ಸರಿ, ಗಂಡನನ್ನು ಸಾಯಿಸುವ ಬದಲು ಓಡಿಸಿಬಿಟ್ಟೆ. ಹೆಂಡತಿಯನ್ನು ನಡುನೀರಿನಲ್ಲಿ ಕೈಬಿಟ್ಟು ಹೋದ ಗಂಡ. ಕುಂಕುಮವೂ ಉಳಿಯಿತು, ಕಥೆಯೂ ಉಳಿಯಿತು ಎಂದು ಬೀಗಿದೆ. ಈಗ ಅಪ್ಪನ ಸರದಿ. ಕುಂಡಯಿಯ ಕಾರ್ಖಾನೆಯಲ್ಲಿ ವರ್ಷಗಟ್ಟಲೆ ಮೂಟೆ ಹೊತ್ತ, ಮಾತೇ ಆಡದ ಮನುಷ್ಯ ಲೋಟ ಕುಕ್ಕಿದ.

"ನನ್ನ ಸಾಯಿಸೇ ಬಿಡೋ. ಓಡಿಸಬ್ಯಾಡ. ಮಂದಿ ಏನಂದಾರು?"

ಅದು ನಿನ್ನ ಪಾತ್ರವಲ್ಲ ಎಂದು ಎಷ್ಟು ಹೇಳಿದರೂ ಕೇಳಲಿಲ್ಲ. ದೊಡ್ಡ ನಿರ್ದೇಶಕರಿಗೆ ಹೀರೋಗಳ ಕಾಟವಂತೆ, ನನಗೆ ಹೆತ್ತವರದು. ಎರವಲು ತಂದ ಲೆನ್ಸನ್ನು ಮರುದಿನ ಸಂಜೆ ಹಿಂದಿರುಗಿಸಬೇಕಿತ್ತು, ಗಂಡ ಬಿಟ್ಟು ಹೋದದ್ದನ್ನು ನಾಯಕಿ ಹೇಳಿಕೊಳ್ಳುವ ಆ ಒಂದು ದೃಶ್ಯವಿಲ್ಲದೆ ಸಿನಿಮಾನೇ ಇಲ್ಲ. ಮೊಂಡು ಬಿದ್ದು ಬೆಳಿಗ್ಗೆಯೇ ಅವ್ವನನ್ನು ಬಾಗಿಲ ಮುಂದೆ ಕೂರಿಸಿದೆ. ಅವಳ ಮುಖಕ್ಕೆ ಬೆಳಕು ಬೀಳುವಂತೆ ಬಿಳಿ ಥರ್ಮೋಕೋಲ್ ಹಿಡಿದು ನಿಲ್ಲುವ ಕೆಲಸ, ಬೇರೆ ಜನವಿಲ್ಲದೆ, ಅಪ್ಪನಿಗೆ ಬಂತು.

ಮಣಿ ಪೋಣಿಸುತ್ತ ಅವ್ವ ಎರಡು ಸಾಲು ಹೇಳಿದರೆ ಸಾಕಿತ್ತು. ಹೇಳಿದಳು, ಮಗ್ಗಿ ಒಪ್ಪಿಸುವವರ ಹಾಗೆ. ನಾಲ್ಕು ಸಲ. ನನಗೆ ರೇಗಿತು.

"ಯವ್ವಾ, ಗಂಡ ಬಿಟ್ಟು ಹೋದಾಕಿ ಹಂಗ ಹೇಳು. ಅಂಥಾಕಿನ್ನ ಎಲ್ಲೂ ನೋಡೇ ಇಲ್ಲೇನು?"

ಅವ್ವ ಮಣಿ ಕೆಳಗಿಟ್ಟಳು.

"ನೋಡೂದ್ಯಾಕ? ನೀ ಹೊಟ್ಟ್ಯಾಗಿದ್ದಾಗ ನಿಮ್ಮಪ್ಪ ಹೋದ. ಎರಡ ವರ್ಷ ಬಿಟ್ಟು ಬಂದ. ಎಲ್ಲಿದ್ದಿ ಅಂತ ನಾ ಇವತ್ತಿಗೂ ಕೇಳಿಲ್ಲ."

ಥರ್ಮೋಕೋಲ್ ನಡುಗಿತು. ಅವ್ವನ ಮುಖದ ಮೇಲಿನ ಬೆಳಕೂ ನಡುಗಿತು. ಮದುವೆಗಳಲ್ಲಿ ಮಗಳನ್ನು ಕಳಿಸಿಕೊಡುವ ತಾಯಂದಿರ ಕಣ್ಣೀರನ್ನು ನಾಚಿಕೆಯಿಲ್ಲದೆ ಹತ್ತಿರದಿಂದ ತೆಗೆಯುತ್ತಿದ್ದ ನಾನು ಕ್ಯಾಮೆರಾ ಬಂದ್ ಮಾಡಿಬಿಟ್ಟೆ. ಮುಂದಿನ ಮಾತು ಕೇಳಲು ನನಗೆ ಹೆದರಿಕೆಯಾಗಿತ್ತು.

"ತಮ್ಮಾ, ಚಾಲೂ ಮಾಡು," ಎಂದ ಅಪ್ಪ. "ಇವತ್ತರೆ ಅಕಿ ನನ್ನ ಕೇಳ್ಲಿ."