ಗುಮಾಸ್ತ ನಿರಪರಾಧಿ

ಕಂಟ್ರೋಲರ್ ಸಾರ್, ನಿಮ್ಮ ನಾಟಕದ ಕೊಲೆಗಾರನನ್ನು ಬದಲಾಯಿಸಿದ್ದು ನಾನು. ನೀವು ಮರೆತದ್ದಲ್ಲ. ನೀವು ಬರೆದಿದ್ದು ಭಾವಮೈದನೇ ಕೊಲೆಗಾರ ಎಂದು. ಗುಮಾಸ್ತನಿಗೆ ಕೋಳ ತೊಡಿಸಿದ್ದು ನನ್ನ ಪೆನ್ನು.

ಇಷ್ಟನ್ನು ಬರೆಯಲು ನನಗೆ ನಾಲ್ಕು ವರ್ಷ, ಎರಡು ತಿಂಗಳು, ಒಂಬತ್ತು ದಿನ ಹಿಡಿಯಿತು. ಡೈರಿ ನೋಡಿಯೇ ಹೇಳುತ್ತಿದ್ದೇನೆ. ಆ ಭಾನುವಾರದ ಪುಟದಲ್ಲಿ ನಾಟಕ ಶುರುವಾದ ಹೊತ್ತು ಇದೆ, ಮುಗಿದ ಹೊತ್ತು ಇದೆ, ಎಷ್ಟು ಜನ ನನ್ನ ಹತ್ತಿರ ಬಂದು ಮೆಚ್ಚಿದರು ಎಂಬ ಎಣಿಕೆಯೂ ಇದೆ. ನಾನು ನಿಮಗೆ ಹೇಳಿದ ಸುಳ್ಳು ಮಾತ್ರ ಇಲ್ಲ. ಎಲ್ಲವನ್ನೂ ಬರೆದಿಡುವವಳು ನಾನು — ಅದೊಂದನ್ನು ಬಿಟ್ಟಿದ್ದೆ.

ಮೂವತ್ತು ವರ್ಷ ಹನೂರು ಬಸ್ ಸ್ಟ್ಯಾಂಡಿನ ಮೈಕಿನಲ್ಲಿ ಬಸ್ಸುಗಳ ಹೊತ್ತು ಕೂಗಿ, ರಿಟೈರಾದ ಮೇಲೆ ನೀವು ಬರೆದ ಒಂದೇ ನಾಟಕ ಅದು. ಕುಂತೂರಿನ ರೈಸ್ ಮಿಲ್ಲಿನ ಮಾಲೀಕ ಬೆಳಗಿನ ಜಾವ ಕೊಲೆಯಾಗುತ್ತಾನೆ. ಅನುಮಾನ ಇಬ್ಬರ ಮೇಲೆ. ಒಬ್ಬ ಮಿಲ್ಲಿನಲ್ಲೇ ಮಲಗುವ ಗುಮಾಸ್ತ. ಇನ್ನೊಬ್ಬ ಮಾಲೀಕನ ಭಾವಮೈದ, ಹನೂರಿನವನು. ಆದರೆ ಹಿಂದಿನ ದಿನದ ಕೊನೆಯ ಬಸ್ಸು ಹೊರಟ ಮೇಲೂ ಭಾವಮೈದನನ್ನು ಹನೂರಿನಲ್ಲಿ ಕಂಡವರಿದ್ದಾರೆ. ಅವನಿಗೆ ಸ್ವಂತ ಗಾಡಿಯಿಲ್ಲ.

ಪಾತ್ರಧಾರಿಗಳಿಗೆ ಪೂರ್ತಿ ನಾಟಕ ಕೊಡಬಾರದು ಎಂದು ನೀವು ಹಟ ಹಿಡಿದಿರಿ. ಒಬ್ಬೊಬ್ಬರಿಗೆ ಅವರವರ ಮಾತು, ಅದಕ್ಕೆ ಮುಂಚೆ ಎದುರಿನವರು ಹೇಳುವ ಕೊನೆಯ ಎರಡು ಪದ — ಅಷ್ಟೇ. ಅಕ್ಷರ ದುಂಡಗಿದೆ ಎಂದು ನಿಮ್ಮ ನೋಟ್‌ಬುಕ್ಕಿನಿಂದ ಏಳು ಜನರ ಪಾತ್ರಗಳನ್ನೂ ಬಿಡಿಬಿಡಿಯಾಗಿ ಬರೆದುಕೊಡುವ ಕೆಲಸ ನನಗೆ ಬಂತು. ನಿಮ್ಮ ಮನೆಯಿಂದ ಎರಡು ಬಾಗಿಲಾಚೆಯ ಟೈಲರ್ ಮಗಳು, ಡಿಗ್ರಿ ಕೊನೆಯ ವರ್ಷದವಳು. ಗುಮಾಸ್ತನ ಪಾತ್ರ ಪಂಚರ್ ಅಂಗಡಿಯ ಶಿವಮಲ್ಲಣ್ಣನದು. ಅವತ್ತು ನೀವು ಹೇಳಿದ್ದು ಹಾಗೇ ಬರೆದಿಟ್ಟಿದ್ದೇನೆ.

“ಶಿವಮಲ್ಲೂಗೆ ಗೊತ್ತಾದ್ರೆ ಪಂಚರ್ ಆಕ್ಸಕ್ಕೆ ಬಂದೋರ್ಗೆಲ್ಲಾ ಗೊತ್ತಾಯ್ತದೆ ಕಣ್ ಕೂಸೇ. ಕೊಲೆಗಾರ ಯಾರು ಅಂತ ನಂಗೊತ್ತಿರ್ಬೇಕು, ನಿಂಗೊತ್ತಿರ್ಬೇಕು. ಮೂರ್ನೇವ್ರಿಗೆ ಬ್ಯಾಡ.”

ನೀವು ನಂಬಿದ್ದು ನನ್ನೊಬ್ಬಳನ್ನೇ.

ಬರೆಯುತ್ತ ಬರೆಯುತ್ತ ನಾನು ಡೈರಿಯಲ್ಲಿ ಒಂದು ಪಟ್ಟಿ ಮಾಡಿದೆ. ಯಾರು, ಎಲ್ಲಿ, ಎಷ್ಟು ಹೊತ್ತಿಗೆ, ಯಾವ ಸುಳಿವು. ಸುಳಿವಲ್ಲದ ಮಾತುಗಳಿಗೆ ಕೊನೆಯಲ್ಲಿ ಒಂದು ಕಾಲಂ — ‘ಹಾಸ್ಯ’. ಸುಳಿವು ಒಂಬತ್ತು ಸಿಕ್ಕವು, ಹಾಸ್ಯ ಇಪ್ಪತ್ತಮೂರು. ಒಂಬತ್ತನ್ನೂ ಕೂಡಿಸಿ ನೋಡಿದರೆ ಭಾವಮೈದ ಕುಂತೂರು ತಲುಪುವುದೇ ಇಲ್ಲ. ಆದರೂ ನಿಮ್ಮ ಕೊನೆಯ ದೃಶ್ಯದಲ್ಲಿ ಇನ್‌ಸ್ಪೆಕ್ಟರು ಅವನಿಗೆ ಒಂದೇ ಮಾತು ಹೇಳುತ್ತಾನೆ — “ಅಂಗಿ ತೋಳು ಮಡಿಸಿ.” ಅವನು ಮಡಿಸುತ್ತಾನೆ, ತಲೆ ತಗ್ಗಿಸುತ್ತಾನೆ, ಪರದೆ. ವಿವರಣೆಯಿಲ್ಲ, ಸಾಕ್ಷಿಯಿಲ್ಲ. ಬಸ್ಸಿನವರೇ ಬಸ್ಸಿನ ಲೆಕ್ಕ ತಪ್ಪಿದ್ದಾರೆ ಅಂದುಕೊಂಡೆ. ನಕ್ಕೆ ಕೂಡ —

ಬಂದು ಕೇಳಬಹುದಿತ್ತು. ಎರಡು ಬಾಗಿಲು ದಾಟಿದರೆ ಆಗುತ್ತಿತ್ತು. ಕೇಳಲಿಲ್ಲ.

ನೀವು ಕಣ್ಣಿನ ಪೊರೆ ತೆಗೆಸಲು ಮೈಸೂರಿಗೆ ಹೋದಿರಿ. ಕೊನೆಯ ದೃಶ್ಯದ ತಾಲೀಮು ನಡೆದದ್ದು ನೀವಿಲ್ಲದ ಆ ನಾಲ್ಕು ದಿನಗಳಲ್ಲಿ. ಇನ್‌ಸ್ಪೆಕ್ಟರ್, ಗುಮಾಸ್ತ, ಭಾವಮೈದ — ಮೂವರ ಕೊನೆಯ ಹಾಳೆಗಳನ್ನು ಹೊಸದಾಗಿ ಬರೆದುಕೊಟ್ಟೆ. ಇನ್‌ಸ್ಪೆಕ್ಟರಿಗೆ ಒಂದೂವರೆ ಪುಟದ ವಿವರಣೆ ಬರೆದೆ. ಎಲ್ಲ ಗಂಟುಗಳನ್ನೂ ಗುಮಾಸ್ತನ ಕೊರಳಿಗೆ ಕಟ್ಟಿದೆ. ಪೂರ್ತಿ ನಾಟಕ ಯಾರ ಕೈಯಲ್ಲೂ ಇರಲಿಲ್ಲ, ಹಾಗಾಗಿ ಯಾರಿಗೂ ತಿಳಿಯಲಿಲ್ಲ. ನಿಮ್ಮ ಜಾಣತನವೇ ನನ್ನ ಕಳ್ಳತನಕ್ಕೆ ದಾರಿಯಾಯಿತು.

ಭಾನುವಾರ ಮಧ್ಯಾಹ್ನ ಮೂರಕ್ಕೆ ಕಲ್ಯಾಣ ಮಂಟಪದಲ್ಲಿ ನಾಟಕ. ಕಪ್ಪು ಕನ್ನಡಕ ಹಾಕಿಕೊಂಡು ನೀವು ಮುಂದಿನ ಕುರ್ಚಿಯಲ್ಲಿ ಕೂತಿದ್ದಿರಿ. ಎರಡನೇ ಅಂಕದಲ್ಲಿ ಟೀ ಅಂಗಡಿಯ ಹೆಂಗಸು ಭಾವಮೈದನಿಗೆ “ಇದೇನಣ್ಣೋ, ಕೈಯೆಲ್ಲಾ ಬೆಕ್ಕು ಪರಚ್ದಂಗದೆ? ಎಂಡ್ತಿ ಊರಲ್ಲಿಲ್ಲ ಅಂದಿದ್ದೆ” ಅಂದಾಗ ಜನ ಬಿದ್ದು ಬಿದ್ದು ನಕ್ಕರು. ನೀವು ನಗಲಿಲ್ಲ. ಜನರ ಕಡೆ ತಿರುಗಿ ಕಿವಿಗೊಟ್ಟಿರಿ. ಅದು ನನಗೆ ಆಗ ವಿಚಿತ್ರವಾಗಿ ಕಂಡಿತ್ತು.

ಕೊನೆಯಲ್ಲಿ ಇನ್‌ಸ್ಪೆಕ್ಟರು ಗುಮಾಸ್ತನ ಹೆಗಲ ಮೇಲೆ ಕೈಯಿಟ್ಟಾಗ ನಿಮ್ಮ ಬಲಗೈ ಮೇಲೆದ್ದಿತು — ಹೊರಟ ಬಸ್ಸನ್ನು ನಿಲ್ಲಿಸುವಾಗ ಏಳುತ್ತಿತ್ತಲ್ಲ, ಹಾಗೆ. ಆಮೇಲೆ ಮೆಲ್ಲಗೆ ಇಳಿಯಿತು. ಚಪ್ಪಾಳೆ ಬಿತ್ತು. ನಿಮಗೆ ಹಾರ ಹಾಕಿದರು. ನೀವು ನನ್ನನ್ನು ಪರದೆಯ ಪಕ್ಕಕ್ಕೆ ಕರೆದಿರಿ.

“ಕೂಸೇ, ನಾನು ಭಾವಮೈದನ್ನ ಅಲ್ವಾ ಇಡಿಸಿದ್ದು? ‘ಅಂಗಿ ತೋಳು ಮಡಿಸಿ’ ಅಂತ ಬರ್ದಿರ್ಲಿಲ್ವಾ?”

“ಇಲ್ಲ ಸಾ. ನೀವು ಬರ್ದಿದ್ದೇ ಗುಮಾಸ್ತನ್ನ.”

ಇಷ್ಟೇ. ನಾಲ್ಕೇ ಪದ, ಒಂದು ‘ಸಾ’. ಹೊರಗೆ ಜನ ಇನ್ನೂ ಚಪ್ಪಾಳೆ ಹೊಡೆಯುತ್ತಿದ್ದರು, ಆ ಚಪ್ಪಾಳೆ ನನ್ನ ಹಾಳೆಗೆ ಬಿದ್ದದ್ದು ಎಂದು ನನಗೆ ಗೊತ್ತಿತ್ತು. ಅದನ್ನು ಬಿಟ್ಟುಕೊಡಲು ಮನಸ್ಸಾಗಲಿಲ್ಲ — ಇದು ಕಾರಣ, ಸಮಜಾಯಿಷಿ ಅಲ್ಲ. ನೋಟ್‌ಬುಕ್ ಎಲ್ಲಿ ಎಂದು ಕೇಳಿದಿರಿ. ಯಳಂದೂರಿನ ಬಾಡಿಗೆ ಡ್ರೆಸ್‌ನವರ ಪೆಟ್ಟಿಗೆಯಲ್ಲಿ ಸೇರಿಹೋಯಿತೇನೋ ಅಂದೆ. ಅದು ನನ್ನ ಚೀಲದಲ್ಲಿತ್ತು. ನೀವು ಅದನ್ನು ಹುಡುಕಿಕೊಂಡು ಮೂರು ಸಲ ಯಳಂದೂರಿಗೆ ಹೋಗಿಬಂದಿರಿ. ಎರಡನೇ ಸಲ ನೀವು ಬಸ್ ಹತ್ತುವುದನ್ನು ನಮ್ಮ ಅಂಗಡಿಯ ಕಟ್ಟೆಯಿಂದ ನೋಡಿದೆ.

ನಿಮ್ಮ ಅಣ್ಣ ಕೊನೆಗಾಲದಲ್ಲಿ ಸ್ವಂತ ಮನೆಯ ಬಾಗಿಲನ್ನೇ ಮರೆತಿದ್ದರಂತೆ. ಇದು ನನಗೆ ಆಮೇಲೆ ತಿಳಿಯಿತು. ಆ ಭಯದ ಮೇಲೆಯೇ ನನ್ನ ಸುಳ್ಳು ಹೋಗಿ ಕೂತಿತ್ತು. ಎರಡನೇ ನಾಟಕವನ್ನು ನೀವು ನಾಲ್ಕು ಪುಟಕ್ಕೆ ನಿಲ್ಲಿಸಿದಿರಿ. ಯಾರಾದರೂ ಬಸ್ಸಿನ ಹೊತ್ತು ಕೇಳಿದರೆ “ಬೋರ್ಡ್ ನೋಡ್ಕಳಿ” ಅನ್ನತೊಡಗಿದಿರಿ. ಅಂಗಿ ಜೇಬಿನಲ್ಲಿ ಚೀಟಿಗಳು ಬಂದವು — ಮಾತ್ರೆ ನುಂಗಿದೆ, ನಲ್ಲಿ ನಿಲ್ಲಿಸಿದೆ. ಕೊಳ್ಳೇಗಾಲದ ಡಿಟಿಪಿ ಅಂಗಡಿಯಲ್ಲಿ ನನಗೆ ಕೆಲಸ ಸಿಕ್ಕಿತು, ಅಲ್ಲೇ ರೂಮು ಮಾಡಿದೆ. ನಿಮ್ಮ ಬಾಗಿಲ ಮುಂದೆ ದಿನಾ ಹಾಯುವುದು ತಪ್ಪಿತಲ್ಲ ಎಂದು ಒಳಗೊಳಗೆ ಹಗುರಾದೆ. ಅದನ್ನೂ ಬರೆಯಬೇಕು, ಬರೆದಿದ್ದೇನೆ.

ಹೋದ ತಿಂಗಳು ಕುಂತೂರಿನ ಅತ್ತೆ ಮನೆಗೆ ಹೊರಟಿದ್ದೆ. ಅಲ್ಲಿನ ಸಕ್ಕರೆ ಫ್ಯಾಕ್ಟರಿಗೆ ಕಬ್ಬು ಹೊತ್ತ ಟ್ರ್ಯಾಕ್ಟರುಗಳು ಸಾಲುಗಟ್ಟಿ ನಿಂತು ನಮ್ಮ ಬಸ್ಸೂ ನಿಂತಿತು. ಒಂದು ಲೋಡಿನ ಮೇಲಿಂದ ಒಬ್ಬ ಇಳಿದು ಕಿಟಕಿಯ ಹತ್ತಿರ ನೀರು ಕೇಳಿದ. ಬಾಟಲಿ ತೆಗೆದುಕೊಂಡ ಕೈಯ ಮೇಲೆ ಮೊಣಕೈವರೆಗೆ ಕೆಂಪು ಗೀರು.

ನನ್ನ ಪಕ್ಕದ ಅಜ್ಜಿ ಬಿಡಲಿಲ್ಲ. “ನಿಂಗೇನು ಬಸ್ ಸಿಗ್ನಿಲ್ವಾ? ಕಬ್ಬಿನ ಗರಿ ಎಂಗ್ ಕುಯ್ದಾಕದೆ ನೋಡ್ಲಾ.”

“ಕೊನೇ ಬಸ್ ಓಗ್ಬುಟ್ಟಿತ್ತು ಕಣವ್ವಾ,” ಅಂದ ಅವನು. “ಲೋಡ್ ಮ್ಯಾಲೇ ಮಲ್ಕಂಡ್ ಬಂದಿ.”

ಸಾರ್, ಬಸ್ಸು ಹೊರಟರೂ ನಾನು ಅಲ್ಲೇ ನಿಂತುಬಿಟ್ಟಂತಾಯಿತು. ಬೆಕ್ಕು ಪರಚಿದಂತಿದ್ದ ಕೈ. ಅದನ್ನು ನಾನು ‘ಹಾಸ್ಯ’ದ ಕಾಲಮ್ಮಿಗೆ ಹಾಕಿದ್ದೆ — ಹದಿನಾಲ್ಕನೆಯದು. ನಿಮ್ಮ ನಾಟಕದಲ್ಲಿ ಬೇಕಾಗಿದ್ದ ಸುಳಿವು ಅದೊಂದೇ: ಭಾವಮೈದ ರಾತ್ರಿ ಕುಂತೂರು ತಲುಪಿದ್ದು ಕಬ್ಬಿನ ಲೋಡಿನ ಮೇಲೆ. ಜನ ನಗಲಿ, ನಕ್ಕು ಮರೆಯಲಿ ಎಂದೇ ನೀವು ಅದನ್ನು ಅಲ್ಲಿ ಬಚ್ಚಿಟ್ಟಿದ್ದಿರಿ. ಅದಕ್ಕೇ ಅವತ್ತು ಕಿವಿಗೊಟ್ಟು ಕೂತಿದ್ದಿರಿ. ಇನ್‌ಸ್ಪೆಕ್ಟರು ಒಂದು ಮಾತು ಹೇಳಿದರೆ ಸಾಕಿತ್ತು. ಕಬ್ಬು ಕಡಿದವರ ಊರಿನಲ್ಲಿ ಗೀರು ಕಂಡ ಮೇಲೆ ಒಂದೂವರೆ ಪುಟದ ವಿವರಣೆ ಯಾರಿಗೆ ಬೇಕು? ನಾನು ಗದ್ದೆಗೆ ಇಳಿದವಳಲ್ಲ. ನನಗೆ ಕಾಣಲಿಲ್ಲ. ಕಾಣದ್ದನ್ನು ಇಲ್ಲವೆಂದುಕೊಂಡೆ.

ರೂಮಿಗೆ ಬಂದು ಹಳೆಯ ಡೈರಿ ತೆಗೆದೆ. ಮೆಚ್ಚಿದವರು ನಲವತ್ತೊಂದು. ಅದರ ಕೆಳಗೆ: ‘ಅರ್ಥವಾಗದವರು — ಒಬ್ಬರು.’ ನಾಟಕ ಮುಗಿದ ಮೇಲೆ ಹಿಂದಿನ ಬೆಂಚಿನ ಒಬ್ಬ ರೈತರು ಬಂದು, “ಅಂಗಾರೆ ಭಾವಮೈದನ ಕೈ ಗೀರಿದ್ದು ಯಾಕವ್ವಾ?” ಎಂದು ಕೇಳಿದ್ದರು. ಅರ್ಥವಾಗಿದ್ದು ಅವರೊಬ್ಬರಿಗೇ.

ಆ ವಾರವೇ ನಿಮ್ಮ ಮನೆಯವರಿಗೆ, ಗೌರಮ್ಮನವರಿಗೆ ಫೋನ್ ಮಾಡಿದೆ, ನೀವು ಹೇಗಿದ್ದೀರಿ ಎಂದು. “ಮೈಸೂರಲ್ಲಿ ತಲೆ ಫೋಟೋನೂ ತಗ್ಸಿದ್ವಿ. ಏನೂ ಇಲ್ಲ, ಚೆಂದಾಗವ್ರೆ ಅಂದ್ರು ಡಾಕ್ಟ್ರು. ಇವ್ರು ನಂಬಲ್ಲ. ನಾನ್ ಬರ್ದ ಕೊಲೆಗಾರನ್ನೇ ಮರ್ತೋನು ನಾನು, ಡಾಕ್ಟ್ರಿಗೇನ್ ಗೊತ್ತು ಅಂತಾರೆ,” ಅಂದರು.

ಡಾಕ್ಟರಿಗೆ ಗೊತ್ತಿಲ್ಲ. ನನಗೆ ಗೊತ್ತು. ಗೊತ್ತಿದ್ದದ್ದು ನನಗೊಬ್ಬಳಿಗೇ.

ಹಾಗಾಗಿ ಏಳು ಜನರ ಪಾತ್ರಗಳನ್ನೂ ಮತ್ತೆ ಬಿಡಿಬಿಡಿಯಾಗಿ ಬರೆದಿದ್ದೇನೆ — ಈ ಸಲ ನೀವು ಬರೆದ ಹಾಗೆಯೇ, ಒಂದು ಅಕ್ಷರ ಆಚೀಚೆ ಮಾಡದೆ. ಒಬ್ಬೊಬ್ಬರ ಬಳಿಗೂ ಹೋಗಿ ನಾನು ಮಾಡಿದ್ದನ್ನು ಹೇಳಿದ್ದೇನೆ. ಇಬ್ಬರು ಬೈದರು. ಒಬ್ಬರು ಹಾಳೆಯನ್ನಷ್ಟೇ ತೆಗೆದುಕೊಂಡರು. ಗುಮಾಸ್ತನ ಪಾರ್ಟು ಮಾಡಿದ್ದ ಶಿವಮಲ್ಲಣ್ಣ ಪಂಚರ್ ಹಾಕುತ್ತಿದ್ದ ಟ್ಯೂಬನ್ನು ನೀರಿಗೆ ಬಿಟ್ಟು ನನ್ನನ್ನೇ ನೋಡಿದರು.

“ನಾಕು ವರ್ಸದಿಂದ ಇಸ್ಕೂಲ್ ಐಕ್ಳೆಲ್ಲಾ ನನ್ನ ಕೊಲೆಗಾರ ಅಂತವೆ ಕಣಮ್ಮಿ. ಬೇಲ್ ಕೊಡ್ಸಕ್ಕೆ ಈಗ ಬಂದಿಯಾ?” ಅಂದರು. ಟ್ಯೂಬನ್ನು ಮತ್ತೆ ಕೈಗೆತ್ತಿಕೊಂಡು, “ಕಂಟ್ರೋಲರ್ ಸಾಗೆ ಮೊದ್ಲು ಯೋಳು. ಅವ್ರು ಊ ಅಂದ್ರೆ ನಾನ್ ನಾಳೆಗೇ ರೆಡಿ.”

ನೀವು ‘ಹೂಂ’ ಅನ್ನಬೇಕಾಗಿಲ್ಲ. ನನ್ನ ಮುಖ ನೋಡುವುದೂ ಬೇಡ. ಈ ಕಾಗದದ ಜೊತೆ ನಿಮ್ಮ ನೋಟ್‌ಬುಕ್ ಇದೆ. ಗೌರಮ್ಮನವರ ಕೈಗೆ ಕೊಟ್ಟು ನಾನು ಜಗಲಿಯ ಮೇಲೆ ಕೂತಿದ್ದೇನೆ. ಅರವತ್ತೊಂದನೇ ಪುಟ ತೆಗೆಯಿರಿ, ಕೆಳಗಿನಿಂದ ಮೂರನೇ ಸಾಲು. ಪರದೆಯ ಪಕ್ಕದಲ್ಲಿ ನಿಂತು ನೀವು ಅವತ್ತು ಹೇಳಿದ ಮಾತೇ ಅಲ್ಲಿದೆ, ನಿಮ್ಮದೇ ಅಕ್ಷರದಲ್ಲಿ. ಅವತ್ತೇ ಸಂಜೆ ನಾನು ಅದನ್ನು ಹೋಲಿಸಿ ನೋಡಿದ್ದೆ. ಒಂದು ಅಕ್ಷರವೂ ತಪ್ಪಿರಲಿಲ್ಲ.

ಒಂದು ಸಲ ಗಟ್ಟಿಯಾಗಿ ಓದಿ, ಸಾರ್. ಬಸ್ ಸ್ಟ್ಯಾಂಡಿನ ದನಿಯಲ್ಲಿ. ಜಗಲಿಗೆ ಕೇಳಿಸಲಿ.