ಕೇಕೋ ಆಂಟಿಯ ಕುಂಚ

ಮದುವೆಯಾಗಿ ಮೂರೇ ವಾರ, ಗಿಫ್ಟ್ ಬಿಚ್ಚುವುದೇ ಮುಗಿದಿಲ್ಲ, ಎಷ್ಟು ಖುಷಿ ಗೊತ್ತಾ! ಇವತ್ತು ಹೂವಿನ ಪಿಂಗಾಣಿ ಬಟ್ಟಲೊಂದು ಕೈಗೆ ಬಂದದ್ದೇ, ನೈರೋಬಿಯ ಸೌತ್ ಬಿ ಬಡಾವಣೆಯಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಕೇಕೋ ಆಂಟಿ ನೆನಪಾದರು.

ಜಪಾನಿನಿಂದ ಅಲ್ಲಿಗೆ ಬಂದು, ಬಟ್ಟಲುಗಳ ಮೇಲೆ ಹೂ ಬರೆದೇ ಬದುಕಿದವರು. ಪ್ರತಿ ಎಸಳಿಗೂ ಮೊದಲು ಕುಂಚದ ತುದಿಯನ್ನು ತುಟಿಯಲ್ಲಿ ಚೂಪು ಮಾಡುತ್ತಿದ್ದರು. "ಆ ಬಣ್ಣದಲ್ಲಿ ಸೀಸ ಇದೆ, ಬಾಯಿಗಿಡಬೇಡಿ" ಎಂದು ಅಮ್ಮ ಗದರಿದರೆ, "ಇಲ್ಲದಿದ್ದರೆ ಎಸಳು ದಪ್ಪ ಆಗುತ್ತೆ" ಎಂದು ನಗುತ್ತಿದ್ದರು. ನಾನೊಮ್ಮೆ ಹಾಗೆ ಮಾಡಿದಾಗ ಮಾತ್ರ ಆಂಟಿಯೇ ಕೆನ್ನೆಗೆ ಹೊಡೆದು ಬಾಯಿ ತೊಳೆಸಿದರು.

ಕೊನೆಗೆ ಸೀಸದ ವಿಷವೇರಿ ಅವರ ಮಣಿಕಟ್ಟು ಜೋತುಬಿದ್ದು, ಕೈಯಲ್ಲಿ ಕುಂಚ ನಿಲ್ಲದಾಯಿತು. "ಇದೊಂದು ಮುಗಿಸ್ತೀನಿ, ಕಟ್ಟು ಮಗಳೇ" ಎಂದರು. ನನ್ನ ಜಡೆಯ ರಿಬ್ಬನ್ನಿನಿಂದ ಕುಂಚವನ್ನು ಅವರ ಬೆರಳಿಗೆ ಕಟ್ಟಿದೆ. ಅವರು ಮತ್ತೆ ಅದನ್ನು ತುಟಿಗಿಟ್ಟರು. ಅದೇ ಅವರ ಕೊನೆಯ ಬಟ್ಟಲು.

ನಾನು ಕಟ್ಟಬಾರದಿತ್ತಾ ಅಂತ ಈಗಷ್ಟೇ ನನ್ನವರನ್ನು ಕೇಳಿದೆ. ಅವರು ಬಟ್ಟಲನ್ನು ಬೆಳಕಿಗೆ ಹಿಡಿದು, ಒಂದು ಎಸಳಿನ ಮೇಲೆ ಬೆರಳಾಡಿಸಿದರು.